ಛೆಟ್ರಿ ಅಷ್ಟೊಂದು ಕ್ಲಬ್ ಬದಲಿಸಿದ್ದೇಕೆ? ಓದುಗರ ಪ್ರಶ್ನೆಗಳಿಗೆ ಉತ್ತರ

ಫುಟ್‌ಬಾಲ್ ಕುರಿತ ಪ್ರಶ್ನೆಗಳು ಈ ಅಂಕಣಕ್ಕೆ ಹೆಚ್ಚಾಗಿ ಗೋವಾದ ಕನ್ನಡಿಗರಿಂದಲೇ ಬರುತ್ತವೆ. ಈ ಸಲ ಮುಂಬಯಿ ಮತ್ತು ಪುಣೆಯಿಂದಲೂ ಬಂದಿವೆ. ಎಲ್ಲವೂ ಕ್ಲಬ್ಬಿನಿಂದ ಕ್ಲಬ್ಬಿಗೆ ಅಲೆಯುವ ಸ್ಟ್ರೈಕರ್‌ಗಳಿಗೆ, ಅಂದರೆ ಗೋಲು ಹೊಡೆಯುವುದೇ ಮುಖ್ಯ ಕೆಲಸವಾದ ಆಟಗಾರರಿಗೆ, ಸಂಬಂಧಿಸಿದವಾದ್ದರಿಂದ ಉತ್ತರಗಳನ್ನು ಒಟ್ಟಿಗೇ ಕೊಟ್ಟಿದ್ದೇವೆ.

ಪ್ರಶ್ನೆ: ನಾವು ಹಾವೇರಿ ಕಡೆಯವರು. ತಂದೆಯವರು ಬಂದರಿನ ಕೆಲಸಕ್ಕೆಂದು ಇಲ್ಲಿಗೆ ಬಂದ ಮೇಲೆ ಇಲ್ಲಿಯೇ ನೆಲೆಸಿದ್ದೇವೆ. ಮನೆಮಂದಿಯೆಲ್ಲ ಬೆಂಗಳೂರು ಎಫ್‌ಸಿ ಅಭಿಮಾನಿಗಳು. ಸುನಿಲ್ ಛೆಟ್ರಿ ಬೆಂಗಳೂರಿಗೆ ಬರುವ ಮುನ್ನ ವರ್ಷಕ್ಕೊಂದು ಕ್ಲಬ್ ಬದಲಿಸುತ್ತಿದ್ದರು, ಎಲ್ಲಿ ಹೆಚ್ಚು ಹಣ ಸಿಕ್ಕಿತೋ ಅಲ್ಲಿಗೆ ಹೋದರು ಎಂದು ಇಲ್ಲಿನ ಗೆಳೆಯರು ಹಂಗಿಸುತ್ತಾರೆ. ಇದರಲ್ಲಿ ಸತ್ಯವೆಷ್ಟು?
– ಓದುಗರೊಬ್ಬರು, ಬೈನಾ, ವಾಸ್ಕೊ

ಉತ್ತರ: ನಿಮ್ಮ ಗೆಳೆಯರ ಲೆಕ್ಕದಲ್ಲಿ ಹೆಚ್ಚಿನ ತಪ್ಪಿಲ್ಲ. 2002ರಲ್ಲಿ ಕೋಲ್ಕತ್ತದ ಮೋಹನ್ ಬಾಗನ್ ಸೇರಿದ ಛೆಟ್ರಿ 2005ರಲ್ಲಿ ಪಂಜಾಬಿನ ಜೆಸಿಟಿಗೆ ಹೋದರು. ಅಲ್ಲಿ ಮೂರು ವರ್ಷ ಆಡಿ 2008ರಲ್ಲಿ ಈಸ್ಟ್ ಬೆಂಗಾಲ್, 2009ರಲ್ಲಿ ನಿಮ್ಮ ಗೋವಾದ ಡೆಂಪೊ, 2010ರಲ್ಲಿ ಅಮೆರಿಕದ ಕಾನ್ಸಾಸ್ ಸಿಟಿ ವಿಜರ್ಡ್ಸ್ ಸೇರಿದರು. ಅಲ್ಲಿಂದ ಮರಳಿ ಬಂದು ಚಿರಾಗ್ ಯುನೈಟೆಡ್, ಮತ್ತೊಮ್ಮೆ ಮೋಹನ್ ಬಾಗನ್, 2012ರಲ್ಲಿ ಪೋರ್ಚುಗಲ್‌ನ ಸ್ಪೋರ್ಟಿಂಗ್ ಕ್ಲಬ್ಬಿನ ಬಿ ತಂಡ, 2013ರಲ್ಲಿ ಎರವಲು ಆಟಗಾರನಾಗಿ ಚರ್ಚಿಲ್ ಬ್ರದರ್ಸ್. ಅದೇ ವರ್ಷ ಬೆಂಗಳೂರು ಎಫ್‌ಸಿ. ಅಂದರೆ ಬೆಂಗಳೂರಿಗೆ ಬರುವ ಮೊದಲಿನ ಹನ್ನೊಂದು ವರ್ಷಗಳಲ್ಲಿ ಎಂಟು ಕ್ಲಬ್‌ಗಳ ಅಂಗಿ ತೊಟ್ಟಿದ್ದರು, ಅವುಗಳಲ್ಲಿ ಒಂದನ್ನು ಎರಡು ಸಲ.

ಆದರೆ ಇದಕ್ಕೆ ಹಣದಾಸೆಯೊಂದೇ ಕಾರಣ ಎನ್ನಬೇಕಾದರೆ ಆ ಕಾಲದ ಕ್ಲಬ್‌ಗಳಿಗೆ ಮುಂದೆ ಏನಾಯಿತು ಎಂಬುದನ್ನೂ ನೋಡಬೇಕು. ಜೆಸಿಟಿ ಜವಳಿ ಗಿರಣಿಯೊಂದರ ತಂಡ. 1996–97ರಲ್ಲಿ ಮೊತ್ತಮೊದಲ ರಾಷ್ಟ್ರೀಯ ಫುಟ್‌ಬಾಲ್ ಲೀಗನ್ನು ಗೆದ್ದ ಆ ತಂಡವನ್ನು 2011ರಲ್ಲಿ ಮುಚ್ಚಲಾಯಿತು. ಮುಂಬಯಿಯ ಮಹೀಂದ್ರ ಯುನೈಟೆಡ್ 2005–06ರಲ್ಲಿ ದೇಶದ ಚಾಂಪಿಯನ್ ಆಗಿತ್ತು. 2010ರ ಹೊತ್ತಿಗೆ ಅದೂ ಇರಲಿಲ್ಲ. ಛೆಟ್ರಿ ಆಡಿದ ಋತುವಿನಲ್ಲಿ, ಅಂದರೆ 2012–13ರಲ್ಲಿ, ಆಗ ದೇಶದ ಅಗ್ರ ಲೀಗ್ ಆಗಿದ್ದ ಐ-ಲೀಗ್ ಗೆದ್ದ ಚರ್ಚಿಲ್ ಬ್ರದರ್ಸ್ ತಂಡವನ್ನು ಮರುವರ್ಷವೇ ಲೈಸೆನ್ಸ್ ನಿಯಮಗಳನ್ನು ಪೂರೈಸಲಿಲ್ಲವೆಂದು ಲೀಗಿನಿಂದ ಹೊರಗಿಡಲಾಯಿತು. 2016ರಲ್ಲಿ ಡೆಂಪೊ, ಸಾಲ್ಗಾಂವ್ಕರ್ ಮತ್ತು ಸ್ಪೋರ್ಟಿಂಗ್ ಗೋವಾ, ಮೂರೂ ಐ-ಲೀಗ್ ತೊರೆದದ್ದು ನಿಮ್ಮ ಗೆಳೆಯರಿಗೆ ಇಂದಿಗೂ ನೋವಿನ ಸಂಗತಿಯಾಗಿರಬೇಕು. ಮಾಲೀಕರ ಉದ್ಯಮ ಚೆನ್ನಾಗಿರುವವರೆಗೆ, ಅಥವಾ ಅವರಿಗೆ ಮನಸ್ಸಿರುವವರೆಗೆ ಮಾತ್ರ ತಂಡ ಉಳಿಯುತ್ತಿದ್ದ ಕಾಲವದು. ಒಂದೊಂದೇ ಋತುವಿನ ಒಪ್ಪಂದ ಸಾಮಾನ್ಯವಾಗಿದ್ದ ಆ ವ್ಯವಸ್ಥೆಯಲ್ಲಿ ಆಟಗಾರನಿಂದ ಮಾತ್ರ ನಿಷ್ಠೆಯನ್ನು ನಿರೀಕ್ಷಿಸುವುದು ನ್ಯಾಯವಲ್ಲ ಎಂಬುದು ನನ್ನ ಖಚಿತ ಅಭಿಪ್ರಾಯ. ಹೆಚ್ಚು ಸಂಬಳ ಕೊಡುವಲ್ಲಿಗೆ ಹೋಗುವುದನ್ನೂ ನಾನು ದೋಷವೆಂದು ಎಣಿಸುವುದಿಲ್ಲ, ಏಕೆಂದರೆ ಒಂದು ಮೊಣಕಾಲಿನ ಗಾಯ ಸ್ಟ್ರೈಕರ್‌ನ ದುಡಿಮೆಯನ್ನೇ ನಿಲ್ಲಿಸಿಬಿಡಬಹುದು.

ಇನ್ನೊಂದು ಕಾರಣ ಆಟದೊಳಗಿನದು. ಭಾರತದ ಕ್ಲಬ್‌ಗಳು ವಿದೇಶಿ ಆಟಗಾರರಿಗೆ ಇರುವ ಮಿತಿಯಲ್ಲಿ ಮೊದಲ ಜಾಗವನ್ನು ಸಾಮಾನ್ಯವಾಗಿ ಕೊಡುತ್ತಿದ್ದುದು ಸ್ಟ್ರೈಕರ್‌ಗೆ. ಛೆಟ್ರಿ ಡೆಂಪೊಗೆ ಬಂದಾಗ ಅಲ್ಲಿ ನೈಜೀರಿಯಾದ ರ‍್ಯಾಂಟಿ ಮಾರ್ಟಿನ್ಸ್ ಬೇರೂರಿದ್ದರು. ಚರ್ಚಿಲ್ ಬ್ರದರ್ಸ್‌ನಲ್ಲಿ ಹಲವು ವರ್ಷ ಒಡಾಫಾ ಒಕೋಲಿ ಇದ್ದರು. ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್) ಆರಂಭವಾದ 2014ರಲ್ಲಂತೂ ಹನ್ನೊಂದು ಮಂದಿಯಲ್ಲಿ ಆರು ಜನ ವಿದೇಶಿಯರು ಆಡಬಹುದಿತ್ತು. ಹೀಗಾಗಿ ಭಾರತೀಯ ಸ್ಟ್ರೈಕರ್ ಒಂದೋ ಬೆಂಚಿನಲ್ಲಿ ಕೂರಬೇಕು, ಇಲ್ಲವೇ ಪಕ್ಕದ ಗೆರೆಯ ಬದಿಗೆ ಸರಿದು ವಿಂಗರ್ ಆಗಬೇಕು. ಬೆಂಗಳೂರಿನಲ್ಲಿಯೂ ವೆನೆಜುವೆಲಾದ ಮಿಕು ನಡುವೆ ಆಡುತ್ತಿದ್ದಾಗ ಛೆಟ್ರಿ ಎಡಬದಿಯಿಂದ ಒಳನುಗ್ಗುತ್ತಿದ್ದರು. 2017–18ರ ಐಎಸ್‌ಎಲ್‌ನಲ್ಲಿ ಮಿಕು 15, ಛೆಟ್ರಿ 14 ಗೋಲು ಹೊಡೆದರು. ಬದಿಗೆ ಸರಿದೂ ಅಷ್ಟು ಗೋಲು ಹೊಡೆಯುವವರು ನಮ್ಮಲ್ಲಿ ಬೇರೆ ಯಾರಿದ್ದಾರೆ?

ಈಗ ನಿಮ್ಮ ಗೆಳೆಯರ ಮುಂದೆ ಒಂದು ಮಾತನ್ನಿಡಿ. ಸ್ಟ್ರೈಕರ್ ಅಲೆಯುವುದು ಸಾಮಾನ್ಯವಾಗಿ ಅನಿವಾರ್ಯದಿಂದ. ಅವನ ಅತ್ಯುತ್ತಮ ಗೋಲುಗಳು ಬರುವುದು ಅವನು ಒಂದು ಕಡೆ ನಿಂತಾಗ. ಇದಕ್ಕೆ ಸಾಕ್ಷಿ ಗೋವಾದಲ್ಲಿಯೇ ಇದೆ. ರ‍್ಯಾಂಟಿ ಮಾರ್ಟಿನ್ಸ್ 2004ರಿಂದ 2012ರವರೆಗೆ ಡೆಂಪೊದಲ್ಲಿಯೇ ಇದ್ದರು, ಆರ್ಮಾಂಡೊ ಕೊಲಾಸೊ ಅವರ ತರಬೇತಿಯಲ್ಲಿ ಆಡಿದರು. 2011–12ರ ಒಂದೇ ಐ-ಲೀಗ್ ಋತುವಿನಲ್ಲಿ 32 ಗೋಲು ಹೊಡೆದದ್ದು ಅಲ್ಲಿನ ಕೊನೆಯ ವರ್ಷದಲ್ಲಿ. ಎಫ್‌ಸಿ ಗೋವಾದ ಕೋರೊ, ಅಂದರೆ ಫೆರಾನ್ ಕೊರೊಮಿನಾಸ್, ಸ್ಪೇನಿನ ಎಸ್ಪಾನ್ಯೋಲ್, ಒಸಾಸುನಾ, ಜಿರೋನಾ, ಮಯೋರ್ಕಾ, ಎಲ್ಚೆ ಎಂದೆಲ್ಲ ಸುತ್ತಿ, ಸೈಪ್ರಸ್‌ನ ಒಂದು ಕ್ಲಬ್ಬಿನಲ್ಲೂ ಆಡಿ, 2017ರಲ್ಲಿ ಗೋವಾಕ್ಕೆ ಬರುವಾಗ ಅವರಿಗೆ 34 ವರ್ಷ. ಇಲ್ಲಿ ಮೂರು ಋತು ನಿಂತರು. ಐಎಸ್‌ಎಲ್‌ನಲ್ಲಿ 57 ಪಂದ್ಯ, 48 ಗೋಲು, ಅತಿ ಹೆಚ್ಚು ಗೋಲು ಹೊಡೆದವರಿಗೆ ಕೊಡುವ ಚಿನ್ನದ ಬೂಟು ಸತತ ಎರಡು ಬಾರಿ. ಫತೋರ್ಡಾದಲ್ಲಿ ಅವರ ಆಟ ಕಂಡವರಿಗೆ ನೆನಪಿರಬಹುದು: ಚೆಂಡು ಇನ್ನೂ ಜೊತೆಗಾರರಾದ ಎಡು ಬೇಡಿಯಾ ಅಥವಾ ಬ್ರ್ಯಾಂಡನ್ ಫರ್ನಾಂಡಿಸ್ ಅವರ ಕಾಲಲ್ಲಿ ಇರುವಾಗಲೇ ಕೋರೊ ಡಿಫೆಂಡರ್‌ನ ಬೆನ್ನ ಹಿಂದಿನಿಂದ ಓಟ ಶುರುಮಾಡಿರುತ್ತಿದ್ದರು. ಚೆಂಡು ಎಲ್ಲಿ ಬಂದು ಬೀಳುತ್ತದೆ ಎಂಬ ಆ ನಂಬಿಕೆ ಒಂದೆರಡು ತಿಂಗಳಲ್ಲಿ ಹುಟ್ಟುವಂಥದ್ದಲ್ಲ.

ಛೆಟ್ರಿಯವರಿಗೂ ಹಾಗೆಯೇ ಆಯಿತು. ಕಾನ್ಸಾಸ್‌ನಲ್ಲಿ ಅವರಿಗೆ ಸಿಕ್ಕ ಅಧಿಕೃತ ಪಂದ್ಯ ಅಮೆರಿಕದ ಓಪನ್ ಕಪ್‌ನಲ್ಲಿ ಒಂದೇ ಒಂದು. ಲಿಸ್ಬನ್‌ನಲ್ಲಿ ಬಿ ತಂಡದ ಪರ ಮೂರು. ಬೆಂಗಳೂರಿನಲ್ಲಿ ಹೊಸ ತಂಡದ ನಾಯಕನಾಗಿ ಮೊದಲ ಋತುವಿನಲ್ಲಿಯೇ 14 ಗೋಲು ಹೊಡೆದು ಐ-ಲೀಗ್ ಗೆದ್ದರು. ಆಮೇಲೆ 2015–16ರಲ್ಲಿ ಮತ್ತೊಂದು ಐ-ಲೀಗ್, 2016ರಲ್ಲಿ ದೋಹಾದಲ್ಲಿ ಏಷ್ಯಾದ ಕ್ಲಬ್‌ಗಳ ಎಎಫ್‌ಸಿ ಕಪ್ ಫೈನಲ್, 2018–19ರಲ್ಲಿ ಐಎಸ್‌ಎಲ್ ಪ್ರಶಸ್ತಿ. ಹನ್ನೊಂದು ವರ್ಷ ಊರೂರು ಸುತ್ತಿದವರು ಆ ಬಳಿಕ ಒಂದೇ ಊರಿನಲ್ಲಿ ಹತ್ತು ವರ್ಷಕ್ಕೂ ಮಿಕ್ಕಿ ಆಡಿದ್ದಾರೆ. ಹಣವೊಂದೇ ಗುರಿಯಾಗಿದ್ದವರು ಹಾಗೆ ನಿಲ್ಲುತ್ತಿದ್ದರೇ ಎಂದು ಗೆಳೆಯರನ್ನು ಕೇಳಿ.

ಪ್ರಶ್ನೆ: ಬೆಂಗಳೂರಿನ ಆಟಗಾರನಾಗಿದ್ದಾಗಲೇ ಛೆಟ್ರಿ ನಮ್ಮ ಮುಂಬಯಿ ಸಿಟಿ ಪರ ಆಡಿದ್ದು ಹೇಗೆ? ಆಗ ತಂಡದಲ್ಲಿದ್ದ ಅನೆಲ್ಕಾ ಕೂಡ ಬಹಳ ಕ್ಲಬ್ ಸುತ್ತಿದವರಂತೆ. ಇಬ್ಬರಿಗೂ ಏನು ವ್ಯತ್ಯಾಸ?
– ಓದುಗರೊಬ್ಬರು, ಅಂಧೇರಿ ಪೂರ್ವ, ಮುಂಬಯಿ

ಉತ್ತರ: ಆ ವರ್ಷಗಳಲ್ಲಿ ಐಎಸ್‌ಎಲ್ ಮತ್ತು ಐ-ಲೀಗ್ ವರ್ಷದ ಬೇರೆ ಬೇರೆ ತಿಂಗಳುಗಳಲ್ಲಿ ನಡೆಯುತ್ತಿದ್ದವು. ಬೆಂಗಳೂರು ಎಫ್‌ಸಿ ಇನ್ನೂ ಐ-ಲೀಗ್‌ನಲ್ಲಿದ್ದುದರಿಂದ ಐಎಸ್‌ಎಲ್ ಅವಧಿಗೆ ತನ್ನ ಆಟಗಾರರನ್ನು ಲೋನ್ ಮೇಲೆ ಬಿಟ್ಟುಕೊಟ್ಟಿತು. ಲೋನ್ ಎಂದರೆ ಆಟಗಾರನ ಮೂಲ ಒಪ್ಪಂದ ಹಳೆಯ ಕ್ಲಬ್ಬಿನಲ್ಲಿಯೇ ಉಳಿಯುತ್ತದೆ. ಆಡುವುದು ಮಾತ್ರ, ಗೊತ್ತುಪಡಿಸಿದ ಅವಧಿಗೆ, ಬೇರೆ ಕ್ಲಬ್ಬಿಗೆ. 2015ರ ಹರಾಜಿನಲ್ಲಿ ಮುಂಬಯಿ ಸಿಟಿ ಛೆಟ್ರಿಯವರನ್ನು 1.2 ಕೋಟಿ ರೂಪಾಯಿಗೆ ಪಡೆಯಿತು. ಆ ವರ್ಷವೇ ನಾರ್ತ್‌ಈಸ್ಟ್ ಯುನೈಟೆಡ್ ವಿರುದ್ಧ ಅವರು ಹೊಡೆದ ಮೂರು ಗೋಲು ಐಎಸ್‌ಎಲ್‌ನಲ್ಲಿ ಭಾರತೀಯನೊಬ್ಬನ ಮೊದಲ ಹ್ಯಾಟ್ರಿಕ್.

ನಿಕೊಲಾ ಅನೆಲ್ಕಾ ಆ ಋತುವಿನಲ್ಲಿ ತಂಡದ ಆಟಗಾರರೂ ಹೌದು, ಕೋಚ್ ಕೂಡ. ಅವರ ಹಾದಿ ಛೆಟ್ರಿಯವರದಕ್ಕಿಂತ ಉದ್ದ: ಪ್ಯಾರಿಸ್ ಸೇಂಟ್ ಜರ್ಮೇನ್, ಆರ್ಸೆನಲ್, ರಿಯಲ್ ಮ್ಯಾಡ್ರಿಡ್, ಮತ್ತೆ ಪ್ಯಾರಿಸ್, ಲಿವರ್‌ಪೂಲ್, ಮ್ಯಾಂಚೆಸ್ಟರ್ ಸಿಟಿ, ತುರ್ಕಿಯ ಫೆನೆರ್ಬಾಚೆ, ಬೋಲ್ಟನ್, ಚೆಲ್ಸಿ, ಚೀನಾದ ಶಾಂಘೈ ಶೆನ್ಹುವಾ, ಯುವೆಂಟಸ್, ವೆಸ್ಟ್ ಬ್ರಾಮ್‌ವಿಚ್, ಕೊನೆಗೆ ಮುಂಬಯಿ. ಹನ್ನೆರಡು ಕ್ಲಬ್‌ಗಳು. ಛೆಟ್ರಿ ಅಲೆದದ್ದು ನಮ್ಮ ಕ್ಲಬ್‌ಗಳು ಬಡವಾಗಿದ್ದುದರಿಂದ. ಅನೆಲ್ಕಾ ಅಲೆದದ್ದು ಯುರೋಪಿನ ಕ್ಲಬ್‌ಗಳು ಸ್ಟ್ರೈಕರ್‌ಗಾಗಿ ಎಷ್ಟು ಬೇಕಾದರೂ ಸುರಿಯಲು ಸಿದ್ಧವಿದ್ದುದರಿಂದ. 1997ರಲ್ಲಿ ಹದಿನೇಳರ ಹುಡುಗನನ್ನು ಆರ್ಸೆನಲ್ ಸುಮಾರು 5 ಲಕ್ಷ ಪೌಂಡ್‌ಗೆ ತಂದು, 1999ರಲ್ಲಿ 2.2 ಕೋಟಿ ಪೌಂಡ್‌ಗೂ ಹೆಚ್ಚಿನ ಬೆಲೆಗೆ ರಿಯಲ್ ಮ್ಯಾಡ್ರಿಡ್‌ಗೆ ಮಾರಿತು. ಇಪ್ಪತ್ತು ವಯಸ್ಸು, ಹೊಸ ದೇಶ, ತಿಳಿಯದ ಭಾಷೆ, ತಲೆಯ ಮೇಲೆ ಅಷ್ಟು ದೊಡ್ಡ ಬೆಲೆ. ಅಭ್ಯಾಸಕ್ಕೆ ಬರಲು ಒಪ್ಪದೆ ಕ್ಲಬ್ಬಿನಿಂದ ಅಮಾನತಾದರು. ಮರಳಿದ ಮೇಲೆ ಚಾಂಪಿಯನ್ಸ್ ಲೀಗ್ ಸೆಮಿಫೈನಲ್‌ನಲ್ಲಿ ಬಯರ್ನ್ ಮ್ಯೂನಿಕ್ ವಿರುದ್ಧ ಎರಡೂ ಪಂದ್ಯಗಳಲ್ಲಿ ಗೋಲು ಹೊಡೆದರು, ರಿಯಲ್ ಮ್ಯಾಡ್ರಿಡ್ ಆ ಪ್ರಶಸ್ತಿಯನ್ನು ಗೆದ್ದಿತು, ಬೇಸಿಗೆಯಲ್ಲಿ ಅವರನ್ನು ಮತ್ತೆ ಮಾರಿತು. ಈ ಭಾಗವನ್ನು ಓದುವಾಗಲೆಲ್ಲ ನನಗೆ ಆ ಹುಡುಗನ ಬಗ್ಗೆ ಮರುಕವೇ ಹೆಚ್ಚು. ಜಗಳಗಂಟನೆಂಬ ಹೆಸರು ಅವರಿಗೆ ಅಂಟಿದ್ದು ಆಗ, 2010ರ ವಿಶ್ವಕಪ್‌ನ ಮಧ್ಯದಲ್ಲಿ ಫ್ರಾನ್ಸ್ ತಂಡದಿಂದ ಮನೆಗೆ ಕಳುಹಿಸಿದಾಗ ಅದು ಗಟ್ಟಿಯಾಯಿತು. ಆದರೂ ಚೆಲ್ಸಿಯಲ್ಲಿ ನಾಲ್ಕು ವರ್ಷ ನಿಲ್ಲುವ ಅವಕಾಶ ಸಿಕ್ಕಾಗ ಅವರು ಮಾಡಿದ್ದೇನು? 2008–09ರಲ್ಲಿ 19 ಗೋಲುಗಳೊಂದಿಗೆ ಪ್ರೀಮಿಯರ್ ಲೀಗ್‌ನ ಚಿನ್ನದ ಬೂಟು, ಮರುವರ್ಷ ತಂಡಕ್ಕೆ ಲೀಗ್ ಮತ್ತು ಎಫ್‌ಎ ಕಪ್ ಎರಡೂ.

ನೀವು ಅಂಧೇರಿಯವರಾದ್ದರಿಂದ ಇನ್ನೊಂದನ್ನು ನೆನಪಿಸಬೇಕು. 2018ರ ಜೂನ್‌ನಲ್ಲಿ ನಿಮ್ಮಲ್ಲಿನ ಮುಂಬಯಿ ಫುಟ್‌ಬಾಲ್ ಅರೆನಾದಲ್ಲಿ ನಡೆದ ಇಂಟರ್‌ಕಾಂಟಿನೆಂಟಲ್ ಕಪ್‌ನ ಮೊದಲ ಪಂದ್ಯದಲ್ಲಿ ಚೈನೀಸ್ ತೈಪೆ ವಿರುದ್ಧ ಛೆಟ್ರಿ ಹ್ಯಾಟ್ರಿಕ್ ಹೊಡೆದಾಗ ಆಸನಗಳು ಬಹುಪಾಲು ಖಾಲಿಯಿದ್ದವು. ಬೈಯುವುದಿದ್ದರೂ ಮೈದಾನಕ್ಕೇ ಬಂದು ಬೈಯಿರಿ ಎಂದು ಅವರು ವಿಡಿಯೊದಲ್ಲಿ ಬೇಡಿಕೊಂಡರು. ಕೆನ್ಯಾ ವಿರುದ್ಧದ ಅವರ ನೂರನೇ ಅಂತರರಾಷ್ಟ್ರೀಯ ಪಂದ್ಯಕ್ಕೆ, ಸುರಿಯುವ ಮುಂಗಾರು ಮಳೆಯಲ್ಲಿ, ಮೈದಾನ ತುಂಬಿತು. ನೀರು ನಿಂತ ಹುಲ್ಲಿನಲ್ಲಿ ಚೆಂಡು ಉರುಳಲೊಲ್ಲದು. ಪೆನಾಲ್ಟಿಯಿಂದ ಒಂದು, ಕೊನೆಯ ನಿಮಿಷಗಳಲ್ಲಿ ಗೋಲ್‌ಕೀಪರ್ ಮೇಲಿಂದ ಮೆಲ್ಲನೆ ಎತ್ತಿ ಹಾಕಿದ ಇನ್ನೊಂದು. ಫೈನಲ್‌ನಲ್ಲಿ ಮತ್ತದೇ ಕೆನ್ಯಾ. ಅನಸ್ ಎಡತೊಡಿಕ ಹಿಂದಿನಿಂದ ಕಳುಹಿಸಿದ ಉದ್ದನೆಯ ಚೆಂಡನ್ನು ಎದೆಯ ಮೇಲೆ ಇಳಿಸಿಕೊಂಡು ಎಡಗಾಲಿನಿಂದ ಹೊಡೆದ ಗೋಲು ಅವರ 64ನೆಯದು. ಆಗ ಮೆಸ್ಸಿಯ ಅಂತರರಾಷ್ಟ್ರೀಯ ಗೋಲುಗಳ ಸಂಖ್ಯೆಯೂ ಅಷ್ಟೇ ಇತ್ತು. ಕ್ಲಬ್ ಎಷ್ಟೇ ಬದಲಾದರೂ 2005ರಲ್ಲಿ ಕ್ವೆಟ್ಟಾದಲ್ಲಿ ಪಾಕಿಸ್ತಾನದ ವಿರುದ್ಧ ಮೊದಲ ಗೋಲು ಹೊಡೆದಂದಿನಿಂದ ಅವರು ತೊಟ್ಟ ನೀಲಿ ಅಂಗಿ ಬದಲಾಗಲಿಲ್ಲ.

ಪ್ರಶ್ನೆ: ಛೆಟ್ರಿಗೆ ಇಂಗ್ಲೆಂಡಿನ ಕ್ಲಬ್ಬಿನಿಂದ ಕರೆ ಬಂದಿತ್ತೆಂದು ಕೇಳಿದ್ದೇನೆ. ಏಕೆ ಹೋಗಲಿಲ್ಲ?
– ಓದುಗರೊಬ್ಬರು, ಪಿಂಪ್ರಿ, ಪುಣೆ

ಉತ್ತರ: 2009ರಲ್ಲಿ ಕ್ವೀನ್ಸ್ ಪಾರ್ಕ್ ರೇಂಜರ್ಸ್ ಮೂರು ವರ್ಷದ ಒಪ್ಪಂದಕ್ಕೆ ಸಿದ್ಧವಿತ್ತು. ಆದರೆ ಫಿಫಾ ಪಟ್ಟಿಯಲ್ಲಿ ಮೊದಲ 70ರೊಳಗೆ ಇಲ್ಲದ ದೇಶದ ಆಟಗಾರನೆಂಬ ಕಾರಣಕ್ಕೆ ಕೆಲಸದ ಪರವಾನಗಿ ಸಿಗಲಿಲ್ಲ. ಆಟಗಾರ ಯೋಗ್ಯನಿದ್ದರೂ ದೇಶದ ಸ್ಥಾನ ಅಡ್ಡ ಬಂತು. ಡೆಂಪೊದಲ್ಲಿ ಅವರು ಆಡಿದ್ದು ಇದರ ನಂತರ.

ಪ್ರಶ್ನೆ: ನನ್ನ ಮಗನಿಗೆ ಹದಿನಾರು ವರ್ಷ, ಸ್ಟ್ರೈಕರ್. ಈಗಿನ ಅಕಾಡೆಮಿ ಬಿಟ್ಟು ಬಾ, ವಿದೇಶದ ಕ್ಲಬ್ಬಿಗೆ ಸೇರಿಸುತ್ತೇನೆ ಎಂದು ಒಬ್ಬರು ಹೇಳಿ ಮುಂಗಡ ಹಣ ಕೇಳುತ್ತಿದ್ದಾರೆ. ಅವನ ತಾತ ಬೇಡವೆನ್ನುತ್ತಾರೆ, ಅವನು ಹಟ ಹಿಡಿದಿದ್ದಾನೆ. ಏನು ಮಾಡಲಿ?
– ತಾಯಿಯೊಬ್ಬರು, ಫೋಂಡಾ

ಉತ್ತರ: ಅಮ್ಮಾ, ಹಣ ಕೊಡಬೇಡಿ. ವೃತ್ತಿಪರ ಫುಟ್‌ಬಾಲ್‌ನಲ್ಲಿ ಕ್ಲಬ್ ಆಟಗಾರನಿಗೆ ಹಣ ಕೊಡುತ್ತದೆಯೇ ಹೊರತು ಆಟಗಾರನ ಮನೆಯವರು ಜಾಗಕ್ಕಾಗಿ ಹಣ ಕೊಡುವ ಪದ್ಧತಿಯಿಲ್ಲ. ಮೇಲಾಗಿ, ಕೆಲವು ವಿನಾಯಿತಿಗಳನ್ನು ಬಿಟ್ಟರೆ, ಹದಿನೆಂಟು ತುಂಬದ ಆಟಗಾರರನ್ನು ಒಂದು ದೇಶದ ಕ್ಲಬ್ಬಿನಿಂದ ಇನ್ನೊಂದು ದೇಶದ ಕ್ಲಬ್ಬಿಗೆ ವರ್ಗಾಯಿಸುವುದನ್ನು ಫಿಫಾ ನಿಯಮಗಳೇ ನಿಷೇಧಿಸಿವೆ. ಈ ಎರಡು ಮಾತುಗಳನ್ನು ಆ ವ್ಯಕ್ತಿಯ ಮುಂದಿಟ್ಟು ಅವರೇನು ಹೇಳುತ್ತಾರೋ ಕೇಳಿ. ಲಿಖಿತವಾಗಿ ಕೊಡಲು ಒಪ್ಪದಿದ್ದರೆ ಅಲ್ಲಿಗೆ ಮಾತು ಮುಗಿಸಿ.

ಮಗನ ಹಟವನ್ನು ಮಾತ್ರ ತಪ್ಪೆನ್ನಬೇಡಿ. ಈ ವಯಸ್ಸಿನ ಸ್ಟ್ರೈಕರ್‌ಗೆ ಬೇಕಾದದ್ದು ಪ್ರತಿ ವಾರ ಪಂದ್ಯ ಮತ್ತು ಅವನ ಓಟ ನೋಡಿ ಚೆಂಡು ಕೊಡುವ ಜೊತೆಗಾರರು. ಈಗಿನ ಅಕಾಡೆಮಿಯಲ್ಲಿ ಕಳೆದ ಋತುವಿನಲ್ಲಿ ಅವನು ಎಷ್ಟು ಪಂದ್ಯಗಳಲ್ಲಿ ಮೊದಲಿನಿಂದ ಆಡಿದ, ಯಾವ ಸ್ಥಾನದಲ್ಲಿ ಆಡಿದ ಎಂದು ಕೋಚ್ ಅವರನ್ನು ಮುಖತಃ ಕೇಳಿ. ಎಲ್ಲ ಪಂದ್ಯಗಳಲ್ಲೂ ಬದಲಿ ಆಟಗಾರನಾಗಿಯೋ, ಯಾವಾಗಲೂ ಬದಿಯಲ್ಲಿಯೋ ಆಡಿಸಿದ್ದರೆ ಗೋವಾದೊಳಗೇ ಬೇರೆ ಅಕಾಡೆಮಿ ನೋಡುವುದು ಸರಿ. ಬಿಡುವ ಮುನ್ನ ಹಳೆಯ ಅಕಾಡೆಮಿಯಿಂದ ಎನ್‌ಒಸಿ (ಆಕ್ಷೇಪಣೆ ಇಲ್ಲವೆಂಬ ಪತ್ರ) ಪಡೆಯಿರಿ, ಅವನ ನೋಂದಣಿ ಯಾರ ಹೆಸರಿನಲ್ಲಿದೆ ಎಂದು ಗೋವಾ ಫುಟ್‌ಬಾಲ್ ಅಸೋಸಿಯೇಷನ್‌ನಲ್ಲಿ ವಿಚಾರಿಸಿ, ಹೊಸ ಕಡೆ ಸಹಿ ಹಾಕಿದ ಪ್ರತಿಯೊಂದು ಕಾಗದದ ನಕಲನ್ನು ಮನೆಯಲ್ಲಿ ಇಟ್ಟುಕೊಳ್ಳಿ. ಹನ್ನೆರಡನೆಯ ತರಗತಿಯ ಪರೀಕ್ಷೆಯ ತಿಂಗಳಲ್ಲಿ ಅಭ್ಯಾಸದಿಂದ ರಜೆ ಕೊಡುತ್ತಾರೆಯೇ ಎಂಬುದನ್ನೂ ಅದೇ ಕಾಗದದಲ್ಲಿ ಬರೆಸಿಕೊಳ್ಳುವುದು ಒಳ್ಳೆಯದು.