ಐದು ವರ್ಷ ಕಟ್ಟಿದ ಮೇಲೂ ಉಳಿದ 262 ಕಂತು

ಓದುಗರ ಪತ್ರ: ನಾನು ಕಲಬುರಗಿಯ ಸರಕಾರಿ ಪ್ರೌಢಶಾಲೆಯೊಂದರ ಶಿಕ್ಷಕ, ವಯಸ್ಸು 44. 2021ರ ಏಪ್ರಿಲ್‌ನಲ್ಲಿ ಆಳಂದ ರಸ್ತೆಯ ಕಡೆ ಮನೆ ಕೊಳ್ಳಲು ಬ್ಯಾಂಕೊಂದರಿಂದ 30 ಲಕ್ಷ ರೂಪಾಯಿ ಸಾಲ ಪಡೆದೆ. ಬಡ್ಡಿ ಶೇ 6.75, ಅವಧಿ 20 ವರ್ಷ, ತಿಂಗಳ ಕಂತು 22,811 ರೂಪಾಯಿ. ಒಂದು ಕಂತನ್ನೂ ತಪ್ಪಿಸಿಲ್ಲ. ಐದು ವರ್ಷದಲ್ಲಿ 13 ಲಕ್ಷ 68 ಸಾವಿರ ಕಟ್ಟಿದ್ದೇನೆ. ಮೊನ್ನೆ ಶಾಖೆಯಲ್ಲಿ ವಿವರ ತೆಗೆಸಿದರೆ ಬಾಕಿ 28 ಲಕ್ಷ 20 ಸಾವಿರ, ಬಡ್ಡಿ ಶೇ 8, ಉಳಿದ ಕಂತು 262 ಎಂದಿದೆ. ಐದು ವರ್ಷದ ಹಿಂದೆ ಇದ್ದದ್ದೇ 240 ಕಂತು! ನಮ್ಮ ತಂದೆಯವರು, 'ಒಂದಕ್ಕ ಎರಡು ಕಟ್ಟಸ್ಕೋತಾರ, ಇವರಿಗಿಂತ ಗಂಜಿನ ಸಾವ್ಕಾರನೇ ಛಲೋ ಇದ್ದ' ಎನ್ನುತ್ತಾರೆ (ಗಂಜ್ ಎಂದರೆ ನಮ್ಮ ಕಡೆ ಧಾನ್ಯದ ಮಾರುಕಟ್ಟೆ). ಇದು ಮೋಸವಲ್ಲವೇ? ಹೊಲದ ತೊಗರಿಯ ದುಡ್ಡು ವರ್ಷಕ್ಕೊಮ್ಮೆ ಕೈಗೆ ಬರುತ್ತದೆ. ಅದನ್ನು ಸಾಲಕ್ಕೆ ಹಾಕಬೇಕೋ, ಠೇವಣಿ ಇಡಬೇಕೋ? ಮೇಲೊಂದು ಅಂತಸ್ತು ಕಟ್ಟಲು 5 ಲಕ್ಷದ ಟಾಪ್-ಅಪ್ ಸಾಲ, ಎಂದರೆ ಈಗಿರುವ ಮನೆಸಾಲದ ಮೇಲೆ ಇನ್ನಷ್ಟು ಸಾಲ, ಕೊಡುತ್ತೇವೆಂದು ಬ್ಯಾಂಕಿನವರು ಹೇಳುತ್ತಿದ್ದಾರೆ, ಅದನ್ನು ತೆಗೆದುಕೊಳ್ಳಬಹುದೇ?

ಸಂಪಾದಕರ ಉತ್ತರ: ನಿಮ್ಮ ಪತ್ರದೊಂದಿಗೆ ಬಂದ ಖಾತೆಯ ವಿವರವನ್ನು ಎರಡು ಸಲ ಲೆಕ್ಕ ಹಾಕಿ ನೋಡಿದೆ. ಮೋಸವಾಗಿಲ್ಲ, ಕೂಡಿಸಿ ಕಳೆದದ್ದರಲ್ಲಿ ತಪ್ಪೂ ಇಲ್ಲ. ಆದರೆ ನಿಮಗೆ ಹೇಳಬೇಕಾದ ಒಂದು ಮಾತನ್ನು ಹೇಳಬೇಕಾದ ಹೊತ್ತಿನಲ್ಲಿ, ನಿಮಗೆ ಅರ್ಥವಾಗುವ ಹಾಗೆ ಯಾರೂ ಹೇಳಿದಂತಿಲ್ಲ, ಮತ್ತು ನೀವೂ ಐದು ವರ್ಷ ಕಂತಿನ ಮೊತ್ತವನ್ನು ಬಿಟ್ಟು ಬೇರೇನನ್ನೂ ನೋಡಿಲ್ಲ. ಕಂತು ಬದಲಾಗಲಿಲ್ಲವಾದ್ದರಿಂದ ಸಾಲವೂ ಬದಲಾಗಿಲ್ಲವೆಂದು ನಂಬಿದಿರಿ. ಬದಲಾಗಿದ್ದು ಅವಧಿ.

ಮೊದಲ ತಿಂಗಳಿನಿಂದಲೇ ನೋಡೋಣ. ಶೇ 6.75ರ ವಾರ್ಷಿಕ ದರದಲ್ಲಿ 30 ಲಕ್ಷಕ್ಕೆ ಒಂದು ತಿಂಗಳ ಬಡ್ಡಿ 16,875 ರೂಪಾಯಿ. ನೀವು ಕಟ್ಟಿದ 22,811ರಲ್ಲಿ ಬಡ್ಡಿ ಹೋಗಿ ಅಸಲಿಗೆ ಜಮೆಯಾದದ್ದು 5,936. ಮುಂದಿನ ತಿಂಗಳ ಬಡ್ಡಿ ಅಷ್ಟು ಕಡಿಮೆಯಾದ ಅಸಲಿನ ಮೇಲೆ ಬೀಳುತ್ತದೆ, ಹೀಗಾಗಿ ತಿಂಗಳು ತಿಂಗಳಿಗೆ ಅಸಲಿನ ಪಾಲು ಒಂದಿಷ್ಟು ಹಿಗ್ಗುತ್ತದೆ. 'ಬ್ಯಾಂಕಿನವರು ಮೊದಲು ಬಡ್ಡಿಯನ್ನೆಲ್ಲ ವಸೂಲು ಮಾಡಿ ಆಮೇಲೆ ಅಸಲಿಗೆ ಹಿಡಿಯುತ್ತಾರೆ' ಎಂದು ನಮ್ಮಲ್ಲಿ ಸಾಮಾನ್ಯವಾಗಿ ಹೇಳುವುದು ಸರಿಯಲ್ಲ. ಅಂದಂದು ಬಾಕಿ ಇರುವ ಅಸಲಿಗಷ್ಟೇ ಅಂದಿನ ಬಡ್ಡಿ. ಆರಂಭದಲ್ಲಿ ಬಡ್ಡಿ ಹೆಚ್ಚಾಗಿ ಕಾಣುವುದು ಆರಂಭದಲ್ಲಿ ಸಾಲವೇ ಹೆಚ್ಚಾಗಿರುವುದರಿಂದ.

ನೀವು ಸಾಲ ತೆಗೆದ ಕಾಲದಲ್ಲಿ ರಿಸರ್ವ್ ಬ್ಯಾಂಕಿನ ರೆಪೊ ದರ, ಎಂದರೆ ಅದು ಬ್ಯಾಂಕುಗಳಿಗೆ ಸಾಲ ಕೊಡುವ ಬಡ್ಡಿ ದರ, ಶೇ 4 ಇತ್ತು. ಕೊರೊನಾ ಬಂದ 2020ರ ಮೇ ತಿಂಗಳಿನಿಂದ ಅದು ಹಾಗೆಯೇ ಇತ್ತು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಹೊಸದಾಗಿ ಕೊಡುವ ಬದಲಾಗುವ ದರದ ಗೃಹಸಾಲವನ್ನು ರೆಪೊದಂಥ ಹೊರಗಿನ ದರವೊಂದಕ್ಕೆ ಜೋಡಿಸಬೇಕೆಂದು ನಿಯಮವಾಗಿದ್ದು, ನಿಮ್ಮ ಕರಾರಿನಲ್ಲಿಯೂ 'ರೆಪೊ ಮತ್ತು ಅದರ ಮೇಲೆ ಶೇ 2.75' ಎಂದಿದೆ. 2022ರ ಮೇ ತಿಂಗಳಿನಿಂದ 2023ರ ಫೆಬ್ರುವರಿಯೊಳಗೆ ರೆಪೊ ಆರು ಬಾರಿ ಏರಿ ಶೇ 6.5 ಆಯಿತು. ನಿಮ್ಮ ದರ ಅದರ ಬೆನ್ನಿಗೇ ಶೇ 9.25ಕ್ಕೆ ಹೋಯಿತು, ಕಂತು ಮಾತ್ರ 22,811ರಲ್ಲಿಯೇ ನಿಂತಿತು. ಆಗ ಬಾಕಿ ಸುಮಾರು 28 ಲಕ್ಷ 80 ಸಾವಿರ ಇತ್ತೆಂದು ಹಿಡಿಯಿರಿ: ತಿಂಗಳ ಬಡ್ಡಿ 22,200 ರೂಪಾಯಿ. ಉಳಿದದ್ದು 611. ಮನೆಗೆ ತರುವ ಗ್ಯಾಸ್ ಸಿಲಿಂಡರಿಗೂ ಸಾಲದಷ್ಟು ಹಣ ಆ ತಿಂಗಳುಗಳಲ್ಲಿ ನಿಮ್ಮ ಅಸಲನ್ನು ಮುಟ್ಟುತ್ತಿತ್ತು. ರೆಪೊ ಎರಡು ವರ್ಷ ಅಲ್ಲಿಯೇ ಕೂತಿದ್ದರಿಂದ, ಆ ಎರಡು ವರ್ಷದಲ್ಲಿ ನೀವು ಐದೂವರೆ ಲಕ್ಷದ ಸಮೀಪ ಕಟ್ಟಿದರೂ ಅಸಲು ಇಳಿದದ್ದು ಹೆಚ್ಚುಕಡಿಮೆ 16 ಸಾವಿರ. ದರ ಅಷ್ಟರಲ್ಲಿಯೇ ಮುಂದುವರಿದಿದ್ದರೆ ಸಾಲ ತೀರಲು ಆಗಿನಿಂದ 39 ವರ್ಷ ಬೇಕಾಗುತ್ತಿತ್ತು. 2025ರಲ್ಲಿ ರೆಪೊ ನಾಲ್ಕು ಸಲ ಇಳಿದು ಡಿಸೆಂಬರಿನಲ್ಲಿ ಶೇ 5.25ಕ್ಕೆ ಬಂದದ್ದರಿಂದ ನಿಮ್ಮ ದರ ಶೇ 8 ಆಗಿ, 39 ವರ್ಷವಾಗಬಹುದಾಗಿದ್ದದ್ದು 262 ಕಂತಿಗೆ, ಎಂದರೆ 21 ವರ್ಷ 10 ತಿಂಗಳಿಗೆ ಬಂದು ನಿಂತಿದೆ.

ಸಾಲ ತೆಗೆದ ದಿನ ನಿಮಗೆ ತೋರಿಸಿದ ಲೆಕ್ಕದ ಪ್ರಕಾರ 240 ಕಂತಿಗೆ ನೀವು ಕಟ್ಟಬೇಕಾಗಿದ್ದದ್ದು ಒಟ್ಟು 54 ಲಕ್ಷ 75 ಸಾವಿರ. ಈಗಿನ ದಾರಿಯಲ್ಲಿಯೇ ಹೋದರೆ ಕಟ್ಟಿದ್ದೂ ಕಟ್ಟಬೇಕಾದದ್ದೂ ಸೇರಿ 73 ಲಕ್ಷ ದಾಟುತ್ತದೆ. ಕೊನೆಯ ಕಂತು ಕಟ್ಟುವಾಗ ನಿಮಗೆ ಹತ್ತಿರ ಹತ್ತಿರ 66 ವರ್ಷ. ಸಂಬಳ ನಿಂತು ಆರು ವರ್ಷ ಆಗಿರುತ್ತದೆ.

ನಿಮ್ಮ ತಂದೆಯವರ ಮಾತನ್ನು ನಾನು ಹಗುರವಾಗಿ ತೆಗೆದುಕೊಳ್ಳಲಾರೆ. ಸಾಹುಕಾರನ ದರ ನಮ್ಮ ಕಡೆ ನೂರಕ್ಕೆ ಎರಡು, ಕೆಲವೊಮ್ಮೆ ಮೂರು, ಅದೂ ತಿಂಗಳಿಗೆ. ನೂರಕ್ಕೆ ಎರಡೆಂದರೆ ವರ್ಷಕ್ಕೆ ಶೇ 24. ನಿಮ್ಮ ಈಗಿನ ಬಾಕಿಗೆ ಆ ದರದಲ್ಲಿ ಬರಿಯ ಬಡ್ಡಿಯೇ ತಿಂಗಳಿಗೆ 56,400 ಆಗುತ್ತದೆ. ಅದೇ ಭಾಷೆಯಲ್ಲಿ ಹೇಳಿದರೆ ಬ್ಯಾಂಕು ನಿಮ್ಮಿಂದ ನೂರಕ್ಕೆ 67 ಪೈಸೆ ತೆಗೆದುಕೊಳ್ಳುತ್ತಿದೆ. ಹೀಗಿರುವಾಗ ದರದಲ್ಲಿ ಸಾಹುಕಾರ ಛಲೋ ಇದ್ದನೆಂದು ಹೇಳಲು ಬರುವುದಿಲ್ಲ. ಆದರೆ ಒಂದು ವಿಷಯದಲ್ಲಿ ಹಿರಿಯರ ಮಾತು ನಿಜ. ತೊಗರಿ ರಾಶಿಯಾಗಿ ಮಾಲು ಗಂಜಿಗೆ ಹೋದ ದಿನ ಅಡತಿ ಅಂಗಡಿಯ ಗಾದಿಯ ಮೇಲೆ ಕುಳಿತು, ಖಾತೆಪುಸ್ತಕ ತೆಗೆಸಿ, ಅಸಲೆಷ್ಟು, ಬಡ್ಡಿಯೆಷ್ಟು, ಈ ವರ್ಷ ಮುರಿದದ್ದೆಷ್ಟು, ಮುಂದಿನ ವರ್ಷಕ್ಕೆ ಹೋಗುವುದೆಷ್ಟು ಎಂದು ರೈತ ಬಾಯಿಬಿಟ್ಟು ಕೇಳುತ್ತಿದ್ದ. ಲೆಕ್ಕದಲ್ಲಿ ಅನ್ಯಾಯ ಆಗುತ್ತಿದ್ದದ್ದು ಬೇರೆ ಮಾತು. ಅಸಲು ಇಳಿಯಿತೋ ಇಲ್ಲವೋ ಎಂಬುದು ಮಾತ್ರ ವರ್ಷಕ್ಕೊಮ್ಮೆ ಅವನ ಕಿವಿಗೆ ಬೀಳುತ್ತಿತ್ತು. ಸಂಬಳದ ಖಾತೆಯಿಂದ ಐದನೆಯ ತಾರೀಖಿಗೆ ತಾನಾಗಿ ಕಂತು ಕಡಿತವಾಗುವ ನಮ್ಮಂಥವರಿಗೆ ಅದೂ ಬೀಳುವುದಿಲ್ಲ.

ನನ್ನ ಕಥೆಯೂ ಇದಕ್ಕಿಂತ ಬೇರೆಯಲ್ಲ. ವರ್ಷಗಳ ಹಿಂದೆ ಮನೆಸಾಲ ತೆಗೆದಾಗ ಶೇ 8.5ರ ದರದಲ್ಲಿ 20 ವರ್ಷಕ್ಕೆಂದು ಸಹಿ ಹಾಕಿದ ಕಾಗದಗಳ ನಡುವೆ 90 ಸಾವಿರ ರೂಪಾಯಿಯ, ಒಂದೇ ಕಂತಿನ ಜೀವವಿಮೆಯ ಅರ್ಜಿಯೊಂದಿತ್ತು. 'ಕೈಯಿಂದ ಕೊಡುವುದು ಬೇಡ ಸರ್, ಸಾಲದಲ್ಲಿಯೇ ಸೇರಿಸುತ್ತೇವೆ' ಎಂದಾಗ ನನಗೆ ಉಪಕಾರ ಮಾಡಿದಂತೆಯೇ ಕಂಡಿತು. ಆ 90 ಸಾವಿರಕ್ಕೆ ತಿಂಗಳಿಗೆ 781 ರೂಪಾಯಿಯಂತೆ 20 ವರ್ಷದಲ್ಲಿ ಆಗುವುದು 1 ಲಕ್ಷ 87 ಸಾವಿರ. ಸಾಲದ ಜೊತೆಗೆ ಜೀವವಿಮೆ ಕೊಳ್ಳಲೇಬೇಕೆಂದು ಯಾವ ಕಾನೂನೂ ಹೇಳುವುದಿಲ್ಲ ಎಂಬುದು ಗೊತ್ತಾದದ್ದು ಬಹಳ ತಡವಾಗಿ. ವಿಮೆ ಬೇಡವೆಂದಲ್ಲ, ದುಡಿಯುವವರು ಒಬ್ಬರೇ ಇರುವ ಮನೆಗೆ ಅದು ಬೇಕೇ ಬೇಕು. ಅದರ ಬೆಲೆಯನ್ನು ಸಾಲದೊಳಗೆ ಸೇರಿಸಿ 20 ವರ್ಷ ಅದಕ್ಕೂ ಬಡ್ಡಿ ಕಟ್ಟುವ ಅಗತ್ಯವಿಲ್ಲ, ಅಷ್ಟೆ. ನಿಮ್ಮ ಮಂಜೂರಾತಿ ಪತ್ರದಲ್ಲಿಯೂ ಅಂಥದ್ದೊಂದು ಸಾಲು ಇದೆಯೋ ನೋಡಿಕೊಳ್ಳಿ.

ಇನ್ನು ನೀವು ಮಾಡಬೇಕಾದದ್ದು. 2023ರ ಆಗಸ್ಟ್ 18ರ ರಿಸರ್ವ್ ಬ್ಯಾಂಕ್ ಸುತ್ತೋಲೆಯ ಪ್ರಕಾರ ಬಡ್ಡಿ ದರ ಬದಲಾದಾಗ ಅದರಿಂದ ಕಂತಿಗೆ ಅಥವಾ ಅವಧಿಗೆ ಏನಾಗುತ್ತದೆಂಬುದನ್ನು ಬ್ಯಾಂಕು ಸಾಲಗಾರರಿಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಹಿಗ್ಗಿಸುವುದೋ, ಎರಡನ್ನೂ ಒಂದಿಷ್ಟು ಮಾಡುವುದೋ ಎಂಬ ಆಯ್ಕೆ ಸಾಲಗಾರರದು. ಅಲ್ಲದೆ ಪ್ರತಿ ಮೂರು ತಿಂಗಳಿಗೆ ಇಲ್ಲಿಯವರೆಗೆ ವಸೂಲಾದ ಅಸಲು, ವಸೂಲಾದ ಬಡ್ಡಿ, ಕಂತಿನ ಮೊತ್ತ, ಉಳಿದ ಕಂತುಗಳ ಸಂಖ್ಯೆ ಮತ್ತು ವಾರ್ಷಿಕ ದರ ಇರುವ ವಿವರಪಟ್ಟಿಯನ್ನು ಕೊಡಬೇಕು. ಅದು ಬಹುಶಃ ನಿಮ್ಮ ಮೊಬೈಲ್ ಆ್ಯಪ್‌ನಲ್ಲಿ ಎಲ್ಲೋ ಕುಳಿತಿರುತ್ತದೆ. ತೆಗೆಸಿ, ಮುದ್ರಿಸಿ, ಮನೆಯಲ್ಲಿ ತಂದೆಯವರ ಮುಂದೆ ಓದಿ.

ನಂತರ ಶಾಖೆಗೆ ಹೋಗಿ, ಉಳಿದ ಅವಧಿಯನ್ನು 180 ಕಂತಿಗೆ ಇಳಿಸಿ ಅದಕ್ಕೆ ತಕ್ಕ ಹಾಗೆ ಕಂತು ಏರಿಸಬೇಕೆಂದು ಲಿಖಿತ ಅರ್ಜಿ ಕೊಡಿ. ಶೇ 8ರಲ್ಲಿ 28 ಲಕ್ಷ 20 ಸಾವಿರಕ್ಕೆ 15 ವರ್ಷದ ಕಂತು 26,949 ರೂಪಾಯಿ, ಎಂದರೆ ಈಗಿನದಕ್ಕಿಂತ 4,138 ಹೆಚ್ಚು. ನಿಮ್ಮ ಸಂಬಳ 2021ರಲ್ಲಿದ್ದಷ್ಟೇ ಈಗಿಲ್ಲ; 2024ರ ಆಗಸ್ಟ್‌ನಿಂದ ಏಳನೆಯ ವೇತನ ಆಯೋಗದ ಹೆಚ್ಚಳವೂ ಬಂದಿದೆ. ಏರಿದ ಸಂಬಳದಿಂದ ಸಾಲಕ್ಕೆ ಒಂದು ಪೈಸೆಯೂ ಹೆಚ್ಚು ಹೋಗಿಲ್ಲವೆಂಬುದೇ ನನಗೆ ಬೇಸರದ ಸಂಗತಿ. ಹೀಗೆ ಮಾಡಿದರೆ ಮುಂದೆ ಕಟ್ಟುವ ಒಟ್ಟು ಮೊತ್ತ 59 ಲಕ್ಷ 67 ಸಾವಿರದಿಂದ 48 ಲಕ್ಷ 51 ಸಾವಿರಕ್ಕೆ ಇಳಿಯುತ್ತದೆ, ಸಾಲವೂ ನಿವೃತ್ತಿಯ ಮುಂಚಿನ ವರ್ಷವೇ ತೀರುತ್ತದೆ. ಶಾಖೆಗೆ ಹೋದಾಗಲೇ, ಇದೇ ಬ್ಯಾಂಕು ಈಗ ಹೊಸಬರಿಗೆ ಯಾವ ದರದಲ್ಲಿ ಕೊಡುತ್ತಿದೆಯೆಂದು ಕೇಳಿ. ನಿಮ್ಮದಕ್ಕಿಂತ ಕಡಿಮೆಯಿದ್ದರೆ ಒಂದಿಷ್ಟು ಶುಲ್ಕ ಕಟ್ಟಿ ಆ ದರಕ್ಕೆ ಬದಲಾಗಲು ಅವಕಾಶವಿದೆಯೇ ಎಂಬುದನ್ನೂ ವಿಚಾರಿಸಿ.

ತೊಗರಿಯ ಹಣದ ವಿಷಯ. ಕಂತನ್ನು ಈಗಿರುವಂತೆಯೇ ಬಿಟ್ಟು ಈ ಸಲ 1 ಲಕ್ಷ ರೂಪಾಯಿಯನ್ನು ಅಸಲಿಗೆ ಹಾಕಿದರೆ 262 ಕಂತು 239 ಆಗುತ್ತದೆ. ಉಳಿಯುವುದು ಐದು ಲಕ್ಷದ ಮೇಲೆ. ಒಂದು ಲಕ್ಷಕ್ಕೆ ಐದು ಲಕ್ಷವೆಂದು ಜಾಹೀರಾತಿನವರಂತೆ ಹೇಳಿ ನಿಮ್ಮನ್ನು ಹುರಿದುಂಬಿಸಬಹುದು, ಆದರೆ ಆ ಐದು ಲಕ್ಷ ಉಳಿಯುವುದು 20 ವರ್ಷದ ಆಚೆಗೆ, ಮತ್ತು ಆಗಿನ ಐದು ಲಕ್ಷ ಇಂದಿನ ಐದು ಲಕ್ಷವಲ್ಲ. ಪ್ರಾಮಾಣಿಕವಾಗಿ ಹೇಳಬೇಕೆಂದರೆ ನಿಮಗೆ ಸಿಗುವುದು ವರ್ಷಕ್ಕೆ ಶೇ 8ರ ಲಾಭ, ಅದಕ್ಕೆ ತೆರಿಗೆಯಿಲ್ಲ. ಠೇವಣಿಯ ಬಡ್ಡಿ ಸಾಮಾನ್ಯವಾಗಿ ಸಾಲದ ಬಡ್ಡಿಗಿಂತ ಕಡಿಮೆ, ಅದಕ್ಕೆ ತೆರಿಗೆ ಬೇರೆ. ಆದ್ದರಿಂದ ಸಾಲಕ್ಕೆ ಹಾಕುವುದೇ ಮೇಲು, ಆದರೆ ಎಲ್ಲವನ್ನೂ ಅಲ್ಲ. ಅಸಲಿಗೆ ಹಾಕಿದ ಹಣ ಸಾಮಾನ್ಯವಾಗಿ ಹಿಂದಕ್ಕೆ ಬರುವುದಿಲ್ಲ. ತೊಗರಿಗೆ ನೆಟೆ ರೋಗ ಬಿದ್ದ ವರ್ಷವನ್ನು ನೀವು ಕಂಡವರು. ಆರು ತಿಂಗಳ ಮನೆಖರ್ಚು ಮತ್ತು ಕಂತಿನಷ್ಟನ್ನು ಬೇಕೆಂದಾಗ ಸಿಗುವ ಠೇವಣಿಯಲ್ಲಿಟ್ಟು ಉಳಿದದ್ದನ್ನು ಸಾಲಕ್ಕೆ ಹಾಕಿ. ಬದಲಾಗುವ ದರದ ಗೃಹಸಾಲವನ್ನು ವ್ಯಕ್ತಿಗಳು ಮುಂಚಿತವಾಗಿ ತೀರಿಸಿದರೆ ಬ್ಯಾಂಕು ದಂಡ ಹಾಕುವುದನ್ನು ರಿಸರ್ವ್ ಬ್ಯಾಂಕ್ 2012ರಲ್ಲಿಯೇ ನಿಲ್ಲಿಸಿದೆ. ಹಣ ಕಟ್ಟುವಾಗ 'ಕಂತು ಹಾಗೆಯೇ ಇರಲಿ, ಅವಧಿ ಕಡಿಮೆಯಾಗಲಿ' ಎಂದು ಬರೆದುಕೊಟ್ಟು ಸ್ವೀಕೃತಿ ಪಡೆಯಿರಿ. ಇಲ್ಲವಾದರೆ ಕಂತು ಇಳಿದು ಅವಧಿ ಇದ್ದಷ್ಟೇ ಉಳಿಯಬಹುದು.

'ಬಡ್ಡಿಗೆ ತೆರಿಗೆ ವಿನಾಯಿತಿ ಇದೆ, ಸಾಲ ಇರಲಿ' ಎಂದು ನಿಮ್ಮ ಸಹೋದ್ಯೋಗಿಗಳು ಹೇಳಿಯೇ ಹೇಳುತ್ತಾರೆ. ಸ್ವಂತ ವಾಸದ ಮನೆಗೆ ಆ ವಿನಾಯಿತಿ ಇರುವುದು ಹಳೆಯ ತೆರಿಗೆ ಪದ್ಧತಿಯಲ್ಲಿ, ಅದೂ ವರ್ಷಕ್ಕೆ 2 ಲಕ್ಷದವರೆಗೆ. ಹೊಸ ಪದ್ಧತಿಯಲ್ಲಿ ಇಲ್ಲ. ಹಳೆಯದರಲ್ಲಿಯೂ ನೂರು ರೂಪಾಯಿ ಬಡ್ಡಿ ಕಟ್ಟಿದರೆ ಇಪ್ಪತ್ತೋ ಮೂವತ್ತೋ ಉಳಿಯುತ್ತದೆಯೇ ಹೊರತು ನೂರಲ್ಲ.

ಕೊನೆಗೆ ಟಾಪ್-ಅಪ್. ಮೇಲಂತಸ್ತು ಕಟ್ಟಿ ಬಾಡಿಗೆಗೆ ಕೊಡುವ ಯೋಚನೆ ತಪ್ಪೇನಲ್ಲ. ಆದರೆ ಆ 5 ಲಕ್ಷವನ್ನು ಮೂಲ ಸಾಲದ ಅವಧಿಗೇ ಜೋಡಿಸಿದರೆ, ದರ ಅದೇ ಶೇ 8 ಎಂದು ಹಿಡಿದರೂ, ತಿಂಗಳಿಗೆ 4,042 ರೂಪಾಯಿಯಂತೆ 262 ತಿಂಗಳಲ್ಲಿ ಕಟ್ಟುವುದು 10 ಲಕ್ಷ 59 ಸಾವಿರ. ಐದೇ ವರ್ಷಕ್ಕೆ ತೆಗೆದುಕೊಂಡರೆ ಕಂತು 10,138, ಒಟ್ಟು 6 ಲಕ್ಷ 8 ಸಾವಿರ. ಈಗಿನ ಸಾಲದ ಕಂತು 26,949ಕ್ಕೆ ಏರಿದ ಮೇಲೆ ಇನ್ನೂ ಹತ್ತು ಸಾವಿರವನ್ನು ನಿಮ್ಮ ಸಂಬಳ ತಾಳಲಾರದೆಂದು ಕಾಣುತ್ತದೆ. ಎರಡು ಮೂರು ರಾಶಿಯ ಹಣ ಅಸಲಿಗೆ ಬಿದ್ದು ಬಾಕಿ 25 ಲಕ್ಷದ ಸಮೀಪಕ್ಕೆ ಬರುವವರೆಗೆ ಮೇಲಂತಸ್ತನ್ನು ಮುಂದೂಡಿ. ಅಲ್ಲಿಯವರೆಗೆ ಕಂಬದ ಕಬ್ಬಿಣಕ್ಕೆ ತುಕ್ಕು ಹಿಡಿಯದಂತೆ ಸಿಮೆಂಟಿನ ತೆಳು ಗಾರೆ ಬಳಿಸಿಟ್ಟರೆ ಸಾಕು.