ಮಹಜರು ಬರೆದವರೇ ವಿಚಾರಣಾಧಿಕಾರಿಯಾದರೆ?

ಪ್ರಶ್ನೆ: ಮಾನ್ಯರೇ, ನಾನು ಮಲೆನಾಡಿನ ತಾಲ್ಲೂಕೊಂದರಲ್ಲಿ ಗ್ರಾಮ ಆಡಳಿತ ಅಧಿಕಾರಿ. ಮಳೆಗೆ ಕುಸಿದ ಮನೆಗಳ ಪರಿಹಾರದ ಪಟ್ಟಿಯಲ್ಲಿ ಅನರ್ಹರನ್ನು ಸೇರಿಸಿದ್ದೇನೆಂಬ ದೂರಿನ ಮೇಲೆ ನನಗೆ ದೋಷಾರೋಪಣಾ ಪಟ್ಟಿ ಜಾರಿಯಾಗಿದೆ. ದೂರು ಬಂದಾಗ ಸ್ಥಳಕ್ಕೆ ಹೋಗಿ ಮಹಜರು ಬರೆದು, ನನ್ನ ಮೇಲೆ ಕ್ರಮವಾಗಬೇಕೆಂದು ವರದಿ ಕೊಟ್ಟ ಮೇಲಧಿಕಾರಿಯನ್ನೇ ಈಗ ವಿಚಾರಣಾಧಿಕಾರಿಯನ್ನಾಗಿ ನೇಮಿಸಿದ್ದಾರೆ. ಮೊದಲ ಸಾಕ್ಷಿಯ ದಿನ, ಇಲಾಖೆಯ ಪರವಾಗಿ ಪ್ರಕರಣ ಮಂಡಿಸಬೇಕಾದ ಮಂಡನಾಧಿಕಾರಿ ಬರಲಿಲ್ಲ. ವಿಚಾರಣಾಧಿಕಾರಿಯೇ ಪ್ರಶ್ನೆ ಕೇಳಿ ಹೇಳಿಕೆ ಬರೆಸಿಕೊಂಡರು. ಪಾಟೀ ಸವಾಲಿಗೆ ಅವಕಾಶ ಕೇಳಿದಾಗ, ‘ಆ ಮನೆಯನ್ನು ನಾನೇ ಕಣ್ಣಾರೆ ನೋಡಿದ್ದೇನೆ, ಇನ್ನೇನು ಕೇಳುತ್ತೀರಿ?’ ಎಂದರು. ನಾನು ಆಕ್ಷೇಪಿಸಬಹುದೇ? ವಕೀಲರನ್ನು ಕರೆದೊಯ್ಯಬಹುದೇ?
– ಹೆಸರು ಬೇಡವೆಂದ ಓದುಗರು, ಶಿವಮೊಗ್ಗ ಜಿಲ್ಲೆ

ಉತ್ತರ: ಆಕ್ಷೇಪಿಸಬಹುದು, ಆಕ್ಷೇಪಿಸಲೇಬೇಕು. ಅದೂ ಮುಂದಿನ ವಿಚಾರಣೆಯ ದಿನಾಂಕಕ್ಕೆ ಮೊದಲೇ, ಲಿಖಿತವಾಗಿ, ನಿಮ್ಮ ಮೇಲೆ ಕ್ರಮ ಕೈಗೊಳ್ಳುವ ಅಧಿಕಾರವಿರುವ ಶಿಸ್ತು ಪ್ರಾಧಿಕಾರಿಗೆ.

ವಿಚಾರಣಾಧಿಕಾರಿ ನಿಮ್ಮದೇ ಇಲಾಖೆಯವರು, ನಿಮಗಿಂತ ಹಿರಿಯರು ಎಂಬುದಷ್ಟೇ ಪಕ್ಷಪಾತವೆನಿಸುವುದಿಲ್ಲ. ಬರಿಯ ಅನುಮಾನವೂ ಸಾಲದು. ಪಕ್ಷಪಾತದ ಸಂಭವ ನಿಜವಾಗಿಯೂ ಇದೆಯೆಂದು ವಿವೇಕಿಯಾದವನಿಗೆ ಅನಿಸುವಂಥ ಸಂಗತಿಗಳಿರಬೇಕು. ನಿಮ್ಮ ಪ್ರಕರಣದಲ್ಲಿ ಅಂಥ ಸಂಗತಿ ಅವರ ಬಾಯಿಂದಲೇ ಬಂದಿದೆ. ‘ನಾನೇ ನೋಡಿದ್ದೇನೆ’ ಎನ್ನುವುದು ಸಾಕ್ಷಿಯ ಮಾತು. ಸಾಕ್ಷಿಯಾದವರನ್ನು ನೀವು ಪಾಟೀ ಸವಾಲಿಗೆ ಒಳಪಡಿಸಬಹುದು. ಆದರೆ ತೀರ್ಮಾನಿಸುವ ಕುರ್ಚಿಯಲ್ಲಿ ಕುಳಿತವರನ್ನು ಹೇಗೆ ಪ್ರಶ್ನಿಸುತ್ತೀರಿ? ಉತ್ತರ ಪ್ರದೇಶದ ಹೆಡ್ ಕಾನ್‌ಸ್ಟೇಬಲ್ ಮೊಹಮ್ಮದ್ ನೂಹ್ ಅವರ ಪ್ರಕರಣದಲ್ಲಿ ವಿಚಾರಣೆ ನಡೆಸುತ್ತಿದ್ದ ಪೊಲೀಸ್ ಅಧಿಕಾರಿ ನಡುವೆ ತಾವೇ ಸಾಕ್ಷ್ಯ ನುಡಿದು, ಮತ್ತೆ ಬಂದು ತೀರ್ಪು ಕೊಟ್ಟಿದ್ದರು. ಅದು ಸಹಜ ನ್ಯಾಯದ ತತ್ತ್ವಗಳಿಗೆ ವಿರುದ್ಧವೆಂದು ಸುಪ್ರೀಂ ಕೋರ್ಟ್ 1957ರಲ್ಲೇ ಹೇಳಿದೆ.

ನಿಮ್ಮ ವಿಷಯದಲ್ಲಿ ಇದು ಬರಿಯ ತಾಂತ್ರಿಕ ತಕರಾರೂ ಅಲ್ಲ. ನಮ್ಮ ಕಡೆಯ ಮಣ್ಣಿನ ಗೋಡೆ ಆಷಾಢದ ಮಳೆಗೆ ನೆನೆದು ಒಂದು ರಾತ್ರಿಯಲ್ಲಿ ಕುಸಿಯುತ್ತದೆ. ಮಳೆ ಬಿಟ್ಟ ಮೇಲೆ ಮನೆಯವರು ಸಾಲ ಮಾಡಿಯಾದರೂ ಜಂಬಿಟ್ಟಿಗೆ ತಂದು ಕಟ್ಟಿಕೊಳ್ಳುತ್ತಾರೆ. ನೀವು ಪಟ್ಟಿ ಮಾಡಿದ ದಿನ ಬಿದ್ದಿದ್ದ ಗೋಡೆ, ದೂರಿನ ಪರಿಶೀಲನೆಗೆ ಬಂದವರ ಕಣ್ಣಿಗೆ ಗಟ್ಟಿಯಾಗಿ ನಿಂತಿದ್ದರೆ ಆಶ್ಚರ್ಯವಿಲ್ಲ. ಯಾರು, ಯಾವ ದಿನ, ಯಾವ ಗೋಡೆಯನ್ನು ನೋಡಿದರು ಎಂಬುದೇ ಇಲ್ಲಿನ ಮುಖ್ಯ ಪ್ರಶ್ನೆ. ಆದ್ದರಿಂದ ಮಹಜರಿನ ದಿನಾಂಕ, ಪಂಚರ ಸಹಿ, ನೀವು ತೆಗೆದ ಫೋಟೊಗಳ ದಿನಾಂಕ ಇವೆಲ್ಲವೂ ಕಡತಕ್ಕೆ ಬರಬೇಕು. ಮಹಜರು ಬರೆದವರು ಸಾಕ್ಷಿಯಾಗಿ ಬಂದು ನಿಮ್ಮ ಪ್ರಶ್ನೆಗಳಿಗೆ ಉತ್ತರಿಸಬೇಕು. ಅವರೇ ವಿಚಾರಣಾಧಿಕಾರಿಯಾಗಿರುವವರೆಗೆ ಅದು ಆಗದು. ನಿಮ್ಮ ಅರ್ಜಿಯ ತಿರುಳು ಇದೇ ಆಗಿರಲಿ. ಅವರ ಸ್ವಭಾವದ ಬಗ್ಗೆ, ಹಳೆಯ ಮನಸ್ತಾಪಗಳ ಬಗ್ಗೆ ಒಂದು ಸಾಲನ್ನೂ ಬರೆಯಬೇಡಿ.

ಮಂಡನಾಧಿಕಾರಿ ಇಲ್ಲದಿದ್ದ ಮಾತ್ರಕ್ಕೆ ವಿಚಾರಣೆ ರದ್ದಾಗುವುದಿಲ್ಲ. ವಿಚಾರಣಾಧಿಕಾರಿ ಸ್ಪಷ್ಟನೆಗಾಗಿ ಒಂದೆರಡು ಪ್ರಶ್ನೆ ಕೇಳಬಹುದು. ಆದರೆ ಇಲಾಖೆಯ ಪರವಾಗಿ ತಾವೇ ಸಾಕ್ಷಿಗಳ ಮುಖ್ಯ ವಿಚಾರಣೆ ನಡೆಸತೊಡಗಿದರೆ ಅವರು ಆರೋಪ ಹೊರಿಸುವವರ ಸ್ಥಾನಕ್ಕೆ ಇಳಿದಂತಾಗುತ್ತದೆ. ರಾಮ್ ಲಖನ್ ಶರ್ಮಾ ಪ್ರಕರಣದಲ್ಲಿ 2018ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ವಿವರವಾಗಿ ಚರ್ಚಿಸಿದೆ. ಪಾಟೀ ಸವಾಲು ನಿರಾಕರಿಸಿದ್ದಂತೂ ಇನ್ನೂ ಗಂಭೀರ. ಸಂವಿಧಾನದ 311(2)ನೇ ವಿಧಿ ಹೇಳುವ ‘ಸೂಕ್ತ ಅವಕಾಶ’ದಲ್ಲಿಯೂ 1957ರ ಕರ್ನಾಟಕ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳ 11ನೇ ನಿಯಮದಲ್ಲಿಯೂ ಆ ಹಕ್ಕು ಸೇರಿದೆ. ಆ ದಿನ ನಡೆದದ್ದು ದಿನವಹಿಯಲ್ಲಿ, ಅಂದರೆ ವಿಚಾರಣೆಯ ದಿನದಿನದ ನಡಾವಳಿಯ ದಾಖಲೆಯಲ್ಲಿ, ದಾಖಲಾಗಿದೆಯೇ ನೋಡಿ. ಆಗಿಲ್ಲದಿದ್ದರೆ, ನಡೆದದ್ದನ್ನು ನಡೆದಂತೆಯೇ ಬರೆದು ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ, ಆ ಸಾಕ್ಷಿಯನ್ನು ಮತ್ತೆ ಕರೆಸಬೇಕೆಂದು ಕೋರಿ. ಎಲ್ಲ ಮುಗಿದು ವರದಿ ವಿರುದ್ಧವಾಗಿ ಬಂದ ಮೇಲೆ ಮೊದಲ ಬಾರಿಗೆ ಪಕ್ಷಪಾತದ ಮಾತೆತ್ತಿದರೆ, ಅಲ್ಲಿಯವರೆಗೆ ಏಕೆ ಸುಮ್ಮನಿದ್ದಿರಿ ಎಂಬ ಪ್ರಶ್ನೆ ಬರುತ್ತದೆ.

ಆಕ್ಷೇಪಿಸಿದರೆ ಇಲಾಖೆಗೆ ಎದುರು ನಿಂತಂತೆ ಎಂಬ ಅಳುಕು ಬಿಡಿ. ಕ್ರಮ ತಪ್ಪಿದ ವಿಚಾರಣೆಯಲ್ಲಿ ನಿರಪರಾಧಿಗೆ ಶಿಕ್ಷೆಯಾಗಬಹುದು. ನಿಜವಾಗಿ ತಪ್ಪು ಮಾಡಿದವನೂ ಅದೇ ಲೋಪ ಹಿಡಿದು ಪಾರಾಗಬಹುದು. ಪರಿಹಾರ ಸಿಗಬೇಕಾದವರಿಗೆ ಸಿಗದೆ ಹೋಗಿದ್ದರೆ ಆ ಸತ್ಯ ತಿಳಿಯಲಿಕ್ಕೂ ನಿಷ್ಪಕ್ಷಪಾತ ವಿಚಾರಣೆಯೇ ಬೇಕು.

ವರದಿ ನಿಮಗೆ ವಿರುದ್ಧವಾಗಿದ್ದರೆ, ಶಿಸ್ತು ಪ್ರಾಧಿಕಾರಿ ನಿರ್ಣಯಕ್ಕೆ ಬರುವ ಮೊದಲು ಅದರ ಪ್ರತಿ ಕೊಟ್ಟು ನಿಮ್ಮ ಹೇಳಿಕೆ ಪಡೆಯಬೇಕು. 1993ರ ಕರುಣಾಕರ್ ಪ್ರಕರಣದ ತೀರ್ಪು ಇದನ್ನು ದೃಢಪಡಿಸಿದೆ. ದಂಡನೆಯ ಆದೇಶವಾದರೆ ಮೊದಲು ಮೇಲ್ಮನವಿ, ಆಮೇಲೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ. ಅಲ್ಲಿಗೆ ಅಂತಿಮ ಆದೇಶದಿಂದ ಸಾಮಾನ್ಯವಾಗಿ 1 ವರ್ಷದೊಳಗೆ ಹೋಗಬೇಕು.

ವಕೀಲರ ವಿಷಯ: ಮಂಡನಾಧಿಕಾರಿ ಸ್ವತಃ ವಕೀಲರಾಗಿದ್ದರೆ ಅಥವಾ ಪ್ರಾಧಿಕಾರಿ ಅನುಮತಿಸಿದರೆ ಮಾತ್ರ ಸಾಧ್ಯ. ಬೇರೊಬ್ಬ ಸರ್ಕಾರಿ ನೌಕರರ ನೆರವು ಪಡೆಯಲು ಮಾತ್ರ ನಿಯಮದಲ್ಲೇ ಅವಕಾಶವಿದೆ. ಕಂದಾಯ ದಾಖಲೆ ಓದಬಲ್ಲ, ನಾಲ್ಕು ಪ್ರಶ್ನೆ ನೇರವಾಗಿ ಕೇಳಬಲ್ಲ ಹಿರಿಯ ಸಹೋದ್ಯೋಗಿಯೊಬ್ಬರನ್ನು ಒಪ್ಪಿಸಿ, ಅವರ ಹೆಸರನ್ನೂ ಇದೇ ವಾರ ಲಿಖಿತವಾಗಿ ತಿಳಿಸಿಬಿಡಿ.