ಅವನಿಗೆ ಸಿಟ್ಟು ಯಾಕೆ ಬಂತು ಅಂತ ಕಥೆಯಲ್ಲಿ ಹೇಳ್ತಾರೆ

ನಾನು ಆಪ್ತ ಸಲಹೆಗಾರ್ತಿ. ಆಪ್‌ನಲ್ಲಿ ಕಥೆ ಕೇಳುವ ಚಟ ಅಂತ ಮನೆಯವರು ಕರೆತರುವ ಪ್ರಕರಣಗಳು ಈಗೀಗ ಪದೇ ಪದೇ ಬರುತ್ತಿವೆ, ಅದಕ್ಕೇ ಬರೆಯುತ್ತಿದ್ದೇನೆ. ಗುರುತು ಸಿಗದಂತೆ ವಿವರ ಬದಲಿಸಿದ್ದೇನೆ.

ಆಕೆಗೆ ಮೂವತ್ತರ ಆಸುಪಾಸು. ಊರು ಉತ್ತರ ಪ್ರದೇಶದ ಕಡೆ. ಗಂಡನ ಕೆಲಸದ ಸಲುವಾಗಿ ಬೆಂಗಳೂರಿಗೆ ಬಂದವರು. ದಿನವಿಡೀ ಕಿವಿಯಲ್ಲಿ ಇಯರ್‌ಫೋನ್, ಅದರಲ್ಲಿ ಹಿಂದಿ ಪ್ರೇಮಕಥೆಗಳ ಆಡಿಯೊ ಸೀರಿಯಲ್. ಹತ್ತು ಹದಿನೈದು ನಿಮಿಷದ ನೂರಾರು ಎಪಿಸೋಡುಗಳು. ಮೊದಮೊದಲು ಪುಕ್ಕಟೆ, ಆಮೇಲೆ ದುಡ್ಡು ಕೊಟ್ಟು ಆಪ್‌ನ ಕಾಯಿನ್ ಕೊಂಡು ಮುಂದಿನ ಎಪಿಸೋಡಿನ ಬೀಗ ತೆಗೆಸಬೇಕು. ಯುಪಿಐ ಲೆಕ್ಕ ನೋಡಿದ ಗಂಡ, "ಇವಳಿಗೆ ಚಟ ಹತ್ತಿದೆ, ಬಿಡಿಸಿ" ಅಂತ ಕರೆತಂದರು.

ಚಟ ಅನ್ನೋ ಮಾತನ್ನು ನಾನು ಸುಲಭಕ್ಕೆ ಒಪ್ಪುವವಳಲ್ಲ. 2022ರಲ್ಲಿ ಜಾರಿಗೆ ಬಂದ ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿಯಲ್ಲಿ ಗೇಮಿಂಗ್ ಚಟಕ್ಕೆ ಜಾಗವಿದೆ, ಕಥೆ ಕೇಳುವುದಕ್ಕಿಲ್ಲ. ರೇಡಿಯೊದಲ್ಲಿ ವಿವಿಧ ಭಾರತಿಯ ಹವಾ ಮಹಲ್ ನಾಟಕ ಕೇಳುತ್ತಾ ರೋಟಿ ಲಟ್ಟಿಸಿದ ಅತ್ತೆಯರಿಗೆ ಯಾರೂ ಚಟ ಅನ್ನಲಿಲ್ಲ, ಅಲ್ವಾ? ಹವಾ ಮಹಲ್ ದುಡ್ಡು ಕೇಳ್ತಿರಲಿಲ್ಲ, ಅದು ಬೇರೆ ಮಾತು.

ಮುಂದಿನ ಸಲ ಆಕೆಯನ್ನು ಒಬ್ಬರನ್ನೇ ಕೂರಿಸಿಕೊಂಡು, "ಕಥೆ ಹೇಳಿ" ಅಂದೆ. ಹೀರೋ ದೊಡ್ಡ ಬಿಸಿನೆಸ್‌ಮನ್, ಕಾಂಟ್ರಾಕ್ಟ್ ಮದುವೆ. ಹೆಂಡತಿಯ ಜೊತೆ ನೆಟ್ಟಗೆ ಮಾತಿಲ್ಲ, ಬರೀ ಸಿಡಿಮಿಡಿ. ಇಂಥವನಲ್ಲಿ ಇಷ್ಟವಾಗೋದು ಏನು ಅಂತ ಕೇಳಿದೆ. ಇಯರ್‌ಫೋನ್ ವೈರನ್ನು ಬೆರಳಿಗೆ ಸುತ್ತುತ್ತಾ, ಬಿಚ್ಚುತ್ತಾ ಸ್ವಲ್ಪ ಹೊತ್ತು ಸುಮ್ನೆ ಕೂತರು.

"ಅವನು ಸಿಟ್ಟಾದ್ರೆ ಯಾಕೆ ಅಂತ ಕಥೆ ಹೇಳೋರು ನನಗೆ ಹೇಳ್ತಾರೆ ಮೇಡಂ. ಮನೇಲಿ ಇವರು ಸಿಟ್ಟಾದ್ರೆ ಯಾರೂ ಹೇಳಲ್ಲ."

"ಮತ್ತೆ ಇವರ ಸಿಟ್ಟಿಗೆ ಕಾರಣ ಏನಂದ್ಕೊಂಡಿದ್ದೀರಿ?"

"ಒಳಗೆ ಪ್ರೀತಿ ಇರುತ್ತೆ ಅಂತ."

ನನಗೆ ಕಸಿವಿಸಿಯಾಗಿದ್ದು ಇಲ್ಲಿ. ಕಾಯಿನ್‌ನಿಂದಲ್ಲ. ಆ ಕಥೆಗಳಲ್ಲಿ ಗಂಡಸಿನ ಒರಟುತನ ಕೊನೆಗೆ ಪ್ರೀತಿಯೇ ಆಗಿರುತ್ತದೆ, ಬರೆಯುವವರು ಹಾಗೆ ಬರೆದಿರುತ್ತಾರೆ. ಮನೆಯಲ್ಲಿ ಅದು ಸಾಲದ ಚಿಂತೆ ಇರಬಹುದು, ಸುಸ್ತಿರಬಹುದು, ಬರೀ ತಾತ್ಸಾರವೂ ಇರಬಹುದು. ಹೊಡೀತಾರಾ ಅಂತ ನೇರವಾಗಿ ಕೇಳಿದೆ. ಇಲ್ಲ ಅಂದರು. ಈ ಪ್ರಶ್ನೆ ಕೇಳದೆ ಯಾವ ಸಲಹೆಗಾರರೂ ಮುಂದೆ ಹೋಗಬಾರದು. ಒಳಗೆ ಪ್ರೀತಿ ಇರುತ್ತೆ ಅಂತ ಏಟು ಸಹಿಸಿಕೊಂಡವರನ್ನೂ ನೋಡಿದ್ದೇನೆ.

ಆಪ್ ಡಿಲೀಟ್ ಮಾಡಿಸಿ ಅಂತ ಗಂಡನ ಒತ್ತಾಯ. ನಾನು ಒಪ್ಪಲಿಲ್ಲ. ಪರಊರಲ್ಲಿ ಹಗಲೆಲ್ಲ ಆಕೆಯ ಕಿವಿಗೆ ಬೀಳೋ ಹಿಂದಿ ಅದೊಂದೇ. ಅದನ್ನು ಕಿತ್ತುಕೊಂಡು ಬದಲಿಗೆ ಏನು ಕೊಡೋಣ? ದುಡ್ಡು ತಾನಾಗೇ ಕಡಿತವಾಗುವ ಆಟೊಪೇ ತೆಗೆಸಿದೆ. ತಿಂಗಳಿಗೆ ಎಷ್ಟು ಖರ್ಚು ಅಂತ ಆಕೆಯೇ ಗೊತ್ತು ಮಾಡಲಿ ಅಂದೆ. ಇನ್ನೊಂದು, ಎಪಿಸೋಡ್ ಮುಗಿಯುವ ತನಕ ಕೇಳದೆ ನಡುವೆಯೇ ನಿಲ್ಲಿಸಿ ಅಂದೆ. ಮುಂದಿನದಕ್ಕೆ ಎಳೆಯುವ ಗಂಟು ಇರೋದು ಕೊನೆಯ ನಿಮಿಷದಲ್ಲೇ.

ಗಂಡನಿಗೆ ಹೇಳಿದ್ದು ಒಂದೇ. ಮುಖ ಗಂಟಿಕ್ಕಿಕೊಂಡು ಮನೆಗೆ ಬಂದ ದಿನ ಯಾಕೆ ಅಂತ ಒಂದು ಸಾಲು ಹೇಳಿ. ಟ್ರಾಫಿಕ್ ಅಂದರೂ ಸಾಕು.

"ನಾನೇನು ಸೀರಿಯಲ್ ಹೀರೋನಾ?" ಅಂದರು.

"ಹೀರೋ ಹೇಳಲ್ಲ. ಅವನ ಪರವಾಗಿ ಹೇಳೋಕೆ ಬೇರೆ ಜನ ಇದ್ದಾರೆ. ನಿಮಗಿಲ್ಲ."

ಆಕೆ ಖರ್ಚಿನ ಮಿತಿ ದಾಟಿಲ್ಲ. ನಾನು ಹೆಂಡತಿಯ ಪರ ಅಂತ ಗಂಡನಿಗೆ ಈಗಲೂ ಅನುಮಾನ. ಆದರೂ ಬರುತ್ತಿದ್ದಾರೆ.